ನೀರುನಾಯಿಯ ಕಾರು, ನಮ್ಮತ್ತೆಯ ಹೆಬ್ಬೆರಳು

ನಮ್ಮನೆ ಫ್ರಿಜ್ಜಿನ ಮೇಲೆ, ಅತ್ತೆಯ ಬಿ.ಪಿ. ಮಾತ್ರೆಗಳ ಡಬ್ಬಿಗೂ ಕರೆಂಟು ಹೋದಾಗ ಹುಡುಕುವ ಟಾರ್ಚಿಗೂ ನಡುವೆ, ಕನ್ನಡಕದ ಪೆಟ್ಟಿಗೆಯಷ್ಟು ಉದ್ದದ, ಅದರ ಹಾಗೇ ಬಿಚ್ಚಿ ಮುಚ್ಚುವ ಒಂದು ನೀಲಿ ವಸ್ತು ಇದೆ. ಮನೆಗೆ ಬಂದವರು ನೀರು ಕುಡಿಯುತ್ತಾ ಅದನ್ನು ನೋಡಿ, "ಮಗಳದಾ? ಇನ್ನೂ ವಿಡಿಯೋ ಗೇಮ್ ಆಡ್ತಾಳಾ?" ಎಂದು ಕೇಳುತ್ತಾರೆ. "ಅಲ್ಲ, ನಮ್ಮತ್ತೇದು" ಅಂದರೆ ನಗುತ್ತಾರೆ. ನಾನೂ ನಕ್ಕು ಸುಮ್ಮನಾಗುತ್ತೇನೆ. ಎಲ್ಲರಿಗೂ ಎಲ್ಲವನ್ನೂ ಹೇಳುತ್ತಾ ಕೂತರೆ ಕಾಫಿ ಆರಿಹೋಗುತ್ತದೆ.

ಇವತ್ತು ಧೂಳು ಒರೆಸುವಾಗ ಅದು ಕೈಗೆ ಬಂತು. ಬಲಗಡೆಯ ಒಂದು ಗುಂಡಿಯ ಮೇಲಿದ್ದ ಅಕ್ಷರ ಪೂರಾ ಸವೆದಿದೆ. ಪಕ್ಕದ ಗುಂಡಿ ಅರ್ಧ ಸವೆದಿದೆ. ಉಳಿದವು ಅಂಗಡಿಯಿಂದ ಈಗ ತಂದ ಹಾಗಿವೆ. ಆ ಸವೆದ ಗುಂಡಿಯ ಮೇಲೆ ನನ್ನ ಹೆಬ್ಬೆರಳಿಟ್ಟು, ಒರೆಸುವ ಬಟ್ಟೆಯನ್ನು ಮಡಿಲಿಗೆ ಹಾಕಿಕೊಂಡು, ಹಾಗೇ ಕುರ್ಚಿಯಲ್ಲಿ ಕೂತುಬಿಟ್ಟೆ. ಕುಕ್ಕರ್ ಎಷ್ಟು ಸಲ ಕೂಗಿತೋ ತಿಳಿಯಲಿಲ್ಲ. ನೀವೂ ಬೇಕಾದರೆ ಕೂತುಕೊಳ್ಳಿ. ಮಧ್ಯಾಹ್ನ ಇನ್ನೂ ಬಹಳ ಉಳಿದಿದೆ.

ಈ ಪೆಟ್ಟಿಗೆಯೊಳಗಿನ ಆಟದ ನಾಯಕ ಒಂದು ನೀರುನಾಯಿ. ಕೊರಳಿಗೆ ಕೆಂಪು ಮಫ್ಲರ್, ಮೀಸೆಯ ಕೆಳಗೆ ಎರಡು ಹಲ್ಲು. ನನ್ನ ಮಗಳು ಚಂದನ ಮೂರನೇ ಕ್ಲಾಸಿನಲ್ಲಿದ್ದಾಗ ಎಲ್ಲಿ ನೋಡಿದರೂ ಅವನೇ. ಟಿಫಿನ್ ಡಬ್ಬಿಯ ಮುಚ್ಚಳದಲ್ಲಿ, ವಾಟರ್ ಬಾಟಲಿನಲ್ಲಿ, ಸಂಜೆ ಐದು ಗಂಟೆಯ ಟೀವಿಯಲ್ಲಿ. ಮೊದಮೊದಲಿನ ಆಟಗಳಲ್ಲಿ ಪಾಪ ಅವನು ನದಿಯಲ್ಲಿ ಈಜಿ, ಬಂಡೆ ಹಾರಿ, ಮೀನು ಹಿಡಿದು, ಕಳ್ಳರು ಹೊತ್ತೊಯ್ದ ತಂಗಿಯನ್ನು ಬಿಡಿಸಿಕೊಂಡು ಬರುತ್ತಿದ್ದನಂತೆ. ಆಮೇಲೆ ಹೆಸರಾಯಿತು. ಹೆಸರಾದ ಮೇಲೆ ನಮ್ಮ ಕಡೆಯ ದೊಡ್ಡ ಮನುಷ್ಯರಿಗೆ ಆಗುವ ಹಾಗೆ ಅವನಿಗೂ ಒಂದು ಕಾರು ಬಂತು. ಈಜುವುದನ್ನು ಬಿಟ್ಟ. ತಂಗಿಯೂ ಇನ್ನೊಂದು ಕಾರು ಹತ್ತಿದಳು. ಹೊತ್ತೊಯ್ದಿದ್ದ ಕಳ್ಳರಿಗೂ ಒಂದೊಂದು ಕಾರು. ಎಲ್ಲರೂ ಹಳೆಯದನ್ನು ಮರೆತು ಒಂದೇ ರಸ್ತೆಯಲ್ಲಿ ರೇಸು ಓಡುವ ಆಟ ಇದು. ನನ್ನ ತಮ್ಮ ಮೈಸೂರಿನ ಸೆಕೆಂಡ್ ಹ್ಯಾಂಡ್ ಅಂಗಡಿಯಲ್ಲಿ ಕೊಂಡು, ಡಬ್ಬವೂ ಇಲ್ಲದೆ ಹಾಗೇ ಕರ್ಚೀಫಿನಲ್ಲಿ ಸುತ್ತಿ, ಚಂದನಳ ಒಂಬತ್ತನೇ ಹುಟ್ಟುಹಬ್ಬಕ್ಕೆ ತಂದುಕೊಟ್ಟಿದ್ದ.

ನನಗೂ ವೇಗಕ್ಕೂ ಮೊದಲಿಂದಲೂ ಅಷ್ಟಕ್ಕಷ್ಟೆ. ನನ್ನ ತವರು ಮಳವಳ್ಳಿ. ಅಪ್ಪ ರೇಷ್ಮೆ ಇಲಾಖೆಯಲ್ಲಿದ್ದರು. ಐದನೇ ಕ್ಲಾಸಿಗೆ ನನ್ನನ್ನು ಮಂಡ್ಯದ ಕಾನ್ವೆಂಟಿಗೆ ಸೇರಿಸಿ ಹಾಸ್ಟೆಲಿನಲ್ಲಿ ಬಿಟ್ಟರು. ಅಲ್ಲೊಂದು ಉದ್ದನೆಯ ಕಾರಿಡಾರು. ಕೆಂಪು ನೆಲ, ಬೆಳಗಿನ ಬಿಸಿಲು ಬಿದ್ದರೆ ಅದರಲ್ಲಿ ನಮ್ಮ ಬಿಳಿ ಕಾಲುಚೀಲಗಳು ತಲೆಕೆಳಗಾಗಿ ಕಾಣುತ್ತಿದ್ದವು. ಆ ನೆಲ ನೋಡಿದರೆ ಯಾವ ಮಗುವಿಗಾದರೂ ಓಡಬೇಕು ಅನ್ನಿಸಬೇಕು. ಓಡಿದರೆ ಸಿಸ್ಟರ್ ಎಲ್ಲಿಂದಲೋ ಪ್ರತ್ಯಕ್ಷ. ಬೈಯುತ್ತಿರಲಿಲ್ಲ. ಸುಮ್ಮನೆ ಬೆರಳು ತೋರಿಸುತ್ತಿದ್ದರು. ನಾವು ಓಟ ಶುರು ಮಾಡಿದ ಜಾಗಕ್ಕೆ ವಾಪಸ್ ಹೋಗಿ, ಕೈ ಕಟ್ಟಿಕೊಂಡು, ಮೆತ್ತಗೆ ನಡೆದು ಬರಬೇಕು. ಆರು ವರ್ಷ ಹೀಗೆ ನಡೆದೂ ನಡೆದೂ ನನ್ನ ಕಾಲಿಗೆ ಓಟವೇ ಮರೆತುಹೋಯಿತು. ಈಗಲೂ ಹಾಲು ಉಕ್ಕುತ್ತಿದೆ ಎಂದು ಯಾರಾದರೂ ಕೂಗಿದರೆ ನಾನು ನಡೆದೇ ಹೋಗುತ್ತೇನೆ. ನಾನು ತಲುಪುವ ಹೊತ್ತಿಗೆ ಹಾಲು ಪಾತ್ರೆಯಿಂದ ಹೊರಟು ಒಲೆಯನ್ನು ತಲುಪಿರುತ್ತದೆ.

ರಜೆಗೆ ಊರಿಗೆ ಕರೆದೊಯ್ಯುತ್ತಿದ್ದ ಬಸ್ಸಿಗೂ ಸಿಸ್ಟರ್ ಪಾಠ ಹೇಳಿದ್ದರೋ ಏನೋ. ಕಬ್ಬು ಕಡಿಯುವ ಕಾಲ ಬಂದರೆ ಮದ್ದೂರು ದಾಟುತ್ತಲೇ ಮುಂದೆ ಎತ್ತಿನ ಗಾಡಿಗಳ ಸಾಲು, ಹಿಂದೆ ನಾವು. ಗಾಡಿಯ ಹಿಂಭಾಗದಿಂದ ಕಬ್ಬಿನ ತುದಿಗಳು ನೆಲಕ್ಕೆ ತಾಗಿ ರಸ್ತೆ ಗುಡಿಸುತ್ತಾ ಹೋಗುತ್ತಿದ್ದವು. ಡ್ರೈವರ್ ಜೋರಾಗಿ ಹಾರನ್ ಹೊಡೆಯುತ್ತಿರಲಿಲ್ಲ. ಎತ್ತು ಬೆದರಿದರೆ ಗಾಡಿ ಗದ್ದೆಯಲ್ಲಿ. ಬಸ್ಸು ಗಾಡಿಯ ಪಕ್ಕಕ್ಕೆ ಬಂದಾಗ ಕಿಟಕಿಯ ಪಕ್ಕ ಕೂತ ನಾವು ಹುಡುಗಿಯರು ಕೈ ಚಾಚಿ ಒಂದೊಂದು ಜಲ್ಲೆ ಎಳೆದುಕೊಳ್ಳುತ್ತಿದ್ದೆವು. ಒಂದು ಸಲ ಹೊರೆಯ ಮೇಲೆ ಅಂಗಾತ ಮಲಗಿದ್ದ ಮನುಷ್ಯ ಒಂದೇ ಕಣ್ಣು ಬಿಟ್ಟು, "ತಿನ್ರವ್ವ ತಿನ್ರಿ, ಬುಡದ ಕಡೆ ಎಳ್ಕಳಿ, ತುದೀಲಿ ಏನೈತೆ ಸಪ್ಪೆ" ಎಂದು ಹೇಳಿ ಮತ್ತೆ ಕಣ್ಣು ಮುಚ್ಚಿದ. ನನಗೆ ಇವತ್ತಿಗೂ ಪ್ರಯಾಣ ಅಂದರೆ ಅದೇ. ಬಾಯಲ್ಲಿ ಸಿಹಿ, ಮುಂದೆ ಎತ್ತಿನ ಬಾಲ, ಯಾರಿಗೂ ಎಲ್ಲಿಗೂ ಹೊತ್ತಾಗದಿರುವುದು.

ಇಂಥವಳು ನೀರುನಾಯಿಯ ಕಾರು ಓಡಿಸಿದರೆ ಹೇಗಿರಬೇಡ! ಚಂದನಳ ಒತ್ತಾಯಕ್ಕೆ ನಾಲ್ಕಾರು ಸಲ ಆಡಿದ್ದೆ. ಎಡಕ್ಕೆ ತಿರುಗಬೇಕಾದಾಗ ನನ್ನ ಮೈಯೆಲ್ಲ ಎಡಕ್ಕೆ ವಾಲುತ್ತಿತ್ತು, ಕಾರು ಮಾತ್ರ ನೆಟ್ಟಗೆ ಹೋಗಿ ಸಮುದ್ರಕ್ಕೆ ಬೀಳುತ್ತಿತ್ತು. ಆಟದಲ್ಲಿ ಒಂದು ಪಟ್ಟಿ ಇದೆ, ಯಾರು ಎಷ್ಟು ಬೇಗ ಓಡಿಸಿದರು ಎಂದು ಹೆಸರು ಬರೆದಿಡುವುದು. ಒಂದರಿಂದ ಏಳರ ತನಕ ಚಂದನ, ಎಂಟನೆಯ ಸಾಲಿನಲ್ಲಿ 'ಅಮ್ಮ' ಎಂದು ಇಂಗ್ಲಿಷ್ ಅಕ್ಷರಗಳಲ್ಲಿ ಅವಳೇ ಬರೆದಿದ್ದಳು. ಇರುವುದೇ ಎಂಟು ಸಾಲು. ಆಮೇಲೆ ಅವಳು ಬೆಳೆದಳು, ನೀರುನಾಯಿ ದಾರದುಂಡೆಗಳ ಡ್ರಾಯರ್ ಸೇರಿದ. ಈಗ ಅವಳು ವಿ.ಸಿ. ಫಾರಮ್ಮಿನ ಕಾಲೇಜಿನಲ್ಲಿ ಕೃಷಿ ಓದುತ್ತಾ ಅಲ್ಲೇ ಹಾಸ್ಟೆಲಿನಲ್ಲಿದ್ದಾಳೆ. ಮಂಡ್ಯದ ನಮ್ಮ ಮನೆಗೆ ಶನಿವಾರ ಬಂದು ಒಗೆಯುವ ಬಟ್ಟೆ ಕೊಟ್ಟು, ಸೋಮವಾರ ಒಗೆದ ಬಟ್ಟೆ ತೆಗೆದುಕೊಂಡು ಹೋಗುತ್ತಾಳೆ.

ಹೋದ ವರ್ಷ ಕಾರ್ತಿಕದಲ್ಲಿ ನಮ್ಮತ್ತೆ ಹಿತ್ತಲಿನ ಬಟ್ಟೆ ಒಗೆಯುವ ಕಲ್ಲಿನ ಹತ್ತಿರ ಜಾರಿ ಬಿದ್ದರು. ಬಲಗೈ ಊರಿದ್ದರಿಂದ ಮಣಿಕಟ್ಟು ಮುರಿಯಿತು. ಒಂದೂವರೆ ತಿಂಗಳು ಪ್ಲಾಸ್ಟರ್ ಕಟ್ಟು. ಕಟ್ಟು ಬಿಚ್ಚಿದಾಗ ಕೈ ಸಣ್ಣಗಾಗಿತ್ತು, ಬೆರಳುಗಳು ಅರ್ಧ ಮಡಚಿಕೊಂಡು ಹಾಗೇ ನಿಂತಿದ್ದವು. ಹೆಬ್ಬೆರಳಂತೂ ಕಡ್ಡಿ. ಡಾಕ್ಟರು ಆ ಬೆರಳನ್ನು ಹಿಡಿದು ಅಲ್ಲಾಡಿಸಿ, "ಅಜ್ಜಿ, ಈಗ ಎರಡು ತಿಂಗಳು ನೋವು ತಿಂದು ಆಡಿಸಿದ್ರೆ ಬರುತ್ತೆ. ಈಗ ಬಿಟ್ರೆ ಆಮೇಲೆ ಏನು ಮಾಡಿದ್ರೂ ಬರಲ್ಲ" ಅಂದರು. ಹಿಚುಕುವುದಕ್ಕೆ ಒಂದು ಹಳದಿ ರಬ್ಬರ್ ಚೆಂಡು ಕೊಟ್ಟರು.

ಅತ್ತೆ ಆ ಚೆಂಡನ್ನು ಮೂರು ದಿನ ನೋಡಿದರು. ನಾಲ್ಕನೆಯ ದಿನ ಎದುರು ಮನೆಯ ಮಗುವಿಗೆ ಕೊಟ್ಟುಬಿಟ್ಟರು.

"ಅವ್ವಾ, ಡಾಕ್ಟ್ರು ಏನಂದ್ರು ನಿಂಗೆ?" ಎಂದು ನನ್ನ ಯಜಮಾನರು ರೇಗಿದರು.

"ಅವ್ರ್ ಏನಾರ ಅನ್ಲಿ ಕಣ್ಲಾ. ಒಂದ್ ಸಲ ಇಚಿಕುದ್ರೆ ನೆತ್ತೀಗಂಟ ಒಡೀತದೆ. ನಿನ್ ಕೈ ಅಲ್ವಲ್ಲ, ಬಾಯಲ್ಲಿ ಯೋಳ್ಬುಡ್ತೀಯ."

ಕೈ ನೋವಿಗಿಂತ ದೊಡ್ಡದೊಂದು ನಮ್ಮ ಮನೆಯಲ್ಲಿ ಆಗಿತ್ತು. ಅತ್ತೆ ನಮ್ಮೊಂದಿಗೆ ಊಟಕ್ಕೆ ಕೂರುವುದನ್ನು ಬಿಟ್ಟಿದ್ದರು. ಎಡಗೈಯಲ್ಲಿ ಉಣ್ಣುವುದು ಅವರ ಪ್ರಕಾರ ಆಗದ ಮಾತು. ಚಮಚದಲ್ಲಿ ಉಣ್ಣಬಹುದು, ಆದರೆ ಕಂಡವರ ಎದುರಿಗಲ್ಲ. ತಟ್ಟೆ ತಮ್ಮ ಕೋಣೆಗೆ ತರಿಸಿಕೊಂಡು ಬಾಗಿಲು ಹಾಕಿಕೊಳ್ಳುತ್ತಿದ್ದರು. ಒಳಗಿನಿಂದ ಸ್ಟೀಲ್ ತಟ್ಟೆಗೆ ಚಮಚ ತಾಗುವ ಸದ್ದು, ನಡುನಡುವೆ ಉದ್ದನೆಯ ಮೌನ. ಅರವತ್ತೊಂಬತ್ತು ವರ್ಷ ದಿನಾ ಮುದ್ದೆ ಉಂಡ ಜೀವ, ಮೊಸರನ್ನಕ್ಕೆ ಇಳಿದಿತ್ತು. "ಮುದ್ದೆ ಮಾಡ್ಲಾ ಅತ್ತೆ, ನಾನೇ ಮುರಿದು ಚಮಚದಲ್ಲಿ ಕೊಡ್ತೀನಿ" ಅಂದರೆ, "ಮುದ್ದೆ ಏನ್ ಔಸ್ದಿಯಾ ಚಮಚದಲ್ ಕುಡ್ಯಕೆ? ಬುಡವ್ವ" ಎಂದು ಗೋಡೆ ಕಡೆ ತಿರುಗುತ್ತಿದ್ದರು.

ಅಷ್ಟರಲ್ಲಿ ಅವರ ತಮ್ಮ ಕೆಂಪಣ್ಣ ಮಾವ ಕೊಕ್ಕರೆ ಬೆಳ್ಳೂರಿನಿಂದ ಬಂದರು. ಅದು ಅತ್ತೆಯ ತವರು. ಮೊಮ್ಮಗಳ ಮದುವೆ, ಮಾಘದ ಕೊನೆಗೆ. ಮದುವೆ ಛತ್ರದಲ್ಲಿ, ಬೀಗರೂಟ ಮಾತ್ರ ಊರಲ್ಲೇ, ಮನೆ ಮುಂದೆ ಶಾಮಿಯಾನ ಹಾಕಿ. ನಮ್ಮ ಸೀಮೆಯಲ್ಲಿ ಮದುವೆಗೆ ಹೋಗದಿದ್ದರೂ ಕ್ಷಮೆ ಇದೆ, ಬೀಗರೂಟದ ಪಂಕ್ತಿಯಲ್ಲಿ ಕೂರದಿದ್ದರೆ ಸಂಬಂಧವೇ ಬೇಡ ಅಂದ ಹಾಗೆ.

"ಅಕ್ಕ, ನೀನ್ ಮೊದಲ್ನೇ ಪಂಕ್ತೀಲಿ ಕುಂತ್ಕಬೇಕು" ಅಂದರು ಮಾವ.

"ನಾನ್ ಬರಕಿಲ್ಲ ಕಣ್ಲಾ ಕೆಂಪ."

"ಯಾಕವ್ವ?"

"ಯಾಕೆ ಅಂತ ಕಾಣಕಿಲ್ವಾ ನಿನ್ ಕಣ್ಗೆ? ಬೀಗ್ರೆಲ್ಲಾ ಸಾಲಾಗ್ ಕುಂತವ್ರೆ, ನಾನು ಚಮಚ ಇಡ್ಕಂಡು ಐಸ್‌ಕ್ರೀಮ್ ತಿನ್ನೋರಂಗೆ ಕುಂತ್ಕಳಾ?"

ಮಾವ ಕಾಫಿ ಲೋಟವನ್ನು ಸುಮ್ಮನೆ ತಿರುಗಿಸುತ್ತಾ ಕೂತರು. ಹೋಗುವಾಗ ನನ್ನನ್ನು ಗೇಟಿನವರೆಗೂ ಕರೆದು, "ಏನಾರ ಮಾಡವ್ವ. ನಮ್ಮಕ್ಕ ಬರ್ದೆ ನಾನು ಎಂಗ್ ಎಲೆ ಆಕ್ಸ್ಲಿ?" ಅಂದರು. ಮದುವೆಗೆ ಏಳು ವಾರ ಉಳಿದಿತ್ತು.

ದಾರಿ ತೋರಿಸಿದ್ದು ಚಂದನ. ಆ ಶನಿವಾರ ಡ್ರಾಯರಿನಿಂದ ನೀಲಿ ಪೆಟ್ಟಿಗೆ ತೆಗೆದು, ಚಾರ್ಜಿಗೆ ಹಾಕಿ, ಬದುಕಿದೆ ಎಂದು ಖಾತ್ರಿ ಮಾಡಿಕೊಂಡು, ಅಜ್ಜಿಗೆಂದು ಮೊದಲ ದಾರಿಯಿಂದ ಹೊಸ ಆಟ ತೆರೆದು ಅಜ್ಜಿಯ ಮಂಚದ ಮೇಲೆ ಕೂತಳು. "ಅಜ್ಜಿ, ಬಲಗಡೆ ಈ ಗುಂಡಿ ಒತ್ತಿದ್ರೆ ಗಾಡಿ ಓಡುತ್ತೆ. ಪಕ್ಕದ್ದು ಒತ್ತಿದ್ರೆ ನಿಲ್ಲುತ್ತೆ. ಎಡಗೈಲಿ ತಿರುಗಿಸೋದು, ಅಷ್ಟೆ."

ಅತ್ತೆ ಕನ್ನಡಕ ಸರಿಮಾಡಿಕೊಂಡು ಬಗ್ಗಿ ನೋಡಿದರು. "ಇದ್ಯಾವ್ದವ್ವ, ನೀರ್ನಾಯಿ ಅಲ್ವಾ? ನಮ್ ಶಿಂಸಾ ಒಳೇಲಿ ಏಟ್ ನೋಡಿಲ್ಲ. ಮೀನ್ ಬಲೆ ಅರಿಯೋ ಮುಂಡೇದು. ನೀರ್ ಬುಟ್ಟು ಕಾರಲ್ ಯಾಕ್ ಕುಂತದೆ ಇದು?"

"ಫೇಮಸ್ ಆಗಿಬಿಟ್ಟಿದೆ ಅಜ್ಜಿ."

"ಓ, ಅಂಗಾರೆ ಸರಿ."

ಹೆಬ್ಬೆರಳು ಗುಂಡಿಯ ಮೇಲೆ ಬಾಗಲಿಲ್ಲ. ಚಂದನ ಮೆಲ್ಲಗೆ ಬಾಗಿಸಿ ಇಟ್ಟಳು. ಅತ್ತೆ ಹಲ್ಲು ಕಚ್ಚಿದರು. ಕಾರು ಒಂದು ಮಾರು ಮುಂದೆ ಹೋಗಿ ನಿಂತಿತು. "ಓಯ್ತಲ್ಲಾ!" ಅಂದರು. ಮತ್ತೆ ಒತ್ತಿದರು. ಆ ದಿನ ಸಮುದ್ರ ದಂಡೆಯ ಮೊದಲ ರೇಸು ಮುಗಿಸಲು ಮುಕ್ಕಾಲು ಗಂಟೆ ಹಿಡಿಯಿತು. ಉಳಿದ ಏಳು ಕಾರಿನವರು ಗೆದ್ದು, ಬಹುಮಾನ ತೆಗೆದುಕೊಂಡು, ಮನೆಗೆ ಹೋಗಿ ಮಲಗುವಷ್ಟು ಹೊತ್ತು. ಅತ್ತೆಗೆ ಅದರ ಪರಿವೆ ಇರಲಿಲ್ಲ. ದಾರಿಯ ಪಕ್ಕದ ತೆಂಗಿನ ಮರಗಳನ್ನು ನೋಡಿ, "ಕಾಯೇ ಕಿತ್ತಿಲ್ಲ ನೋಡು, ಒಣಗೋಗವೆ" ಎಂದು ಮರುಗುತ್ತಿದ್ದರು.

ಹಾಗೆ ನಮ್ಮ ಮಧ್ಯಾಹ್ನಗಳು ಶುರುವಾದವು. ಪಾತ್ರೆ ತೊಳೆದು, ಒಲೆ ಒರೆಸಿ, ಮೂರು ಗಂಟೆಗೆ ನಾನು ಹೂ ಕಟ್ಟುತ್ತಾ ಮಂಚದ ಕೆಳಗೆ, ಅತ್ತೆ ಮಂಚದ ಮೇಲೆ. ಕಿಟಕಿಯ ಪರದೆಯಿಂದ ತೂರಿದ ಬಿಸಿಲು ನೆಲದ ಮೇಲೆ ಅಲ್ಲಾಡುತ್ತಿರುತ್ತಿತ್ತು. ಆಟದಿಂದ ಸಣ್ಣದೊಂದು ಸಂಗೀತ, ನೀರಿನಲ್ಲಿ ಮುಳುಗಿಸಿದ ಗೆಜ್ಜೆಯ ಹಾಗೆ. ಅರ್ಧ ನಿದ್ದೆಯಲ್ಲಿ ನನಗೆ ಆ ದಾರಿ ಮದ್ದೂರಿನಾಚೆಯ ದಾರಿಯಾಗಿ, ಕಾರುಗಳು ಕಬ್ಬಿನ ಗಾಡಿಗಳಾಗಿ ಕಾಣುತ್ತಿದ್ದವು. ಎರಡು ವಾರದಲ್ಲಿ ಅತ್ತೆ ಸಮುದ್ರ ದಂಡೆ ಗೆದ್ದರು, ಪಟ್ಟಣದ ರಸ್ತೆಯನ್ನೂ ಗೆದ್ದರು. ಹೆಬ್ಬೆರಳು ಅಕ್ಕಿ ಕಾಳಿನಷ್ಟು, ಆಮೇಲೆ ತೊಗರಿ ಕಾಳಿನಷ್ಟು ಬಾಗತೊಡಗಿತು.

ಮೂರನೆಯದು ನದಿ ದಾರಿ. ಅಲ್ಲಿ ಸಿಕ್ಕಿಕೊಂಡರು.

ಆ ದಾರಿಯ ನಡುವೆ ಒಂದು ಸೇತುವೆ. ಸೇತುವೆ ದಾಟಿದರೆ ರಸ್ತೆಯ ಮೇಲೆ ಬಿಳಿ ಹಕ್ಕಿಗಳ ಹಿಂಡು ಕೂತಿರುತ್ತದೆ, ಉದ್ದ ಕಾಲು, ಉದ್ದ ಕೊಕ್ಕು. ಅವುಗಳ ಮೇಲೆ ಕಾರು ನುಗ್ಗಿಸಿದರೆ ಪುಕ್ಕಗಳು ಹತ್ತಿಯ ಹಾಗೆ ಚಿಮ್ಮುತ್ತವೆ, ಕಾರಿಗೆ ಎಲ್ಲಿಲ್ಲದ ವೇಗ ಬರುತ್ತದೆ. ಆ ವೇಗ ಸಿಗದಿದ್ದರೆ ಮೊದಲ ಮೂವರಲ್ಲಿ ಬರಲಾಗುವುದಿಲ್ಲ. ಮೂವರಲ್ಲಿ ಬರದಿದ್ದರೆ ಮುಂದಿನ ದಾರಿ ತೆರೆಯುವುದಿಲ್ಲ. ಅತ್ತೆ ಪ್ರತಿ ಸಲವೂ ಹಿಂಡಿನ ಹತ್ತಿರ ಬಂದು ಗಾಡಿ ನಿಲ್ಲಿಸುತ್ತಿದ್ದರು. ಒಂದು ಗುಂಡಿಯಿಂದ ಹೆಬ್ಬೆರಳನ್ನು ಎತ್ತಿ, ನೋವಿಗೆ ಮುಖ ಕಿವುಚಿ, ಪಕ್ಕದ ಗುಂಡಿಗೆ ಇಟ್ಟು ಒತ್ತುತ್ತಿದ್ದರು. ಹಿಂದಿನ ಕಾರುಗಳೆಲ್ಲ ಪುಕ್ಕ ಹಾರಿಸಿಕೊಂಡು ಮುಂದೆ ಹೋಗುತ್ತಿದ್ದವು. ಅತ್ತೆ ಉಳಿದ ಹಕ್ಕಿಗಳನ್ನು ಬಳಸಿಕೊಂಡು, ರಸ್ತೆಯ ಅಂಚಿನಲ್ಲಿ ಆಮೆಯ ಹಾಗೆ ಸಾಗಿ, ಎಂಟನೆಯವರಾಗಿ ಬರುತ್ತಿದ್ದರು. ಮತ್ತೆ ಮೊದಲಿಂದ. ದಿನಕ್ಕೆ ಹತ್ತು ಸಲ, ಹನ್ನೆರಡು ಸಲ.

"ಹಕ್ಕಿಗಳ ಮೇಲೇ ಓಡಿಸಬೇಕು ಅತ್ತೆ, ಅದು ಆಟ ಅಷ್ಟೆ" ಎಂದು ಒಂದೆರಡು ಸಲ ಹೇಳಿದೆ.

"ನೀನ್ ಊ ಕಟ್ಟು" ಅಂದರು.

ಈಗ ನನ್ನ ತಪ್ಪಿಗೆ ಬರುತ್ತೇನೆ. ದಿನಾ ಸೋತು ಸೋತು ಅತ್ತೆಗೆ ಬೇಜಾರಾಗಿ ಆಟ ಬಿಟ್ಟುಬಿಟ್ಟರೆ ಗತಿಯೇನು ಎಂಬುದೇ ನನ್ನ ತಲೆಯಲ್ಲಿ ಕೊರೆಯುತ್ತಿತ್ತು. ಇನ್ನು ನಾಲ್ಕು ವಾರ. ಒಂದು ಬೆಳಿಗ್ಗೆ ಅವರು ಸ್ನಾನಕ್ಕೆ ಹೋದಾಗ ನಾನು ಪೆಟ್ಟಿಗೆ ಬಿಚ್ಚಿ ನದಿ ದಾರಿಗೆ ಇಳಿದೆ. ಹತ್ತು ವರ್ಷದ ಹಿಂದಿನ ಹಾಗೇ ಮೈ ವಾಲಿಸಿಕೊಂಡು ಓಡಿಸಿದೆ. ಎರಡು ಸಲ ನೀರಿಗೆ ಬಿದ್ದೆ. ಮೂರನೆಯ ಸಲ ಹಕ್ಕಿಗಳ ನಡುವೆ ನುಗ್ಗಿದೆ. ಪುಕ್ಕ ಚಿಮ್ಮಿತು. ನಿಜ ಹೇಳಿಬಿಡುತ್ತೇನೆ, ಆ ಕ್ಷಣ ಬಹಳ ಖುಷಿಯಾಯಿತು. ಕಾರಿಡಾರಿನಲ್ಲಿ ಓಡಿದ ಖುಷಿ. ಎರಡನೆಯವಳಾಗಿ ಬಂದೆ. ಮುಂದಿನ ದಾರಿ ತೆರೆಯಿತು. ಪೆಟ್ಟಿಗೆ ಮುಚ್ಚಿಟ್ಟು, ಏನೂ ಗೊತ್ತಿಲ್ಲದವಳ ಹಾಗೆ ಬೀನ್ಸ್ ಹೆಚ್ಚುತ್ತಾ ಕೂತೆ.

ಮಧ್ಯಾಹ್ನ ಅತ್ತೆ ಪೆಟ್ಟಿಗೆ ಬಿಚ್ಚಿದರು. ಪರದೆಯ ಮೇಲೆ ಹಿಮದ ಬೆಟ್ಟ.

"ಇದೇನವ್ವ ಸುಧಾ, ಎಲ್ಲಾ ಬೂದಿ ಸುರ್ದವ್ರೆ? ಒಳೆ ಎಲ್ಲೋಯ್ತು?"

"ಹಿಮ ಅತ್ತೆ, ಮುಂದಿನ ದಾರಿ. ಹೊಳೆ ದಾಟಿ ಆಯ್ತು."

"ಯಾರ್ ದಾಟಿದ್ದು?"

ಮಾರಲ್ ಸೈನ್ಸ್ ಪಿರಿಯಡ್ಡು ಬೇರೆ ಯಾವುದಕ್ಕೆ ಉಪಯೋಗಕ್ಕೆ ಬಂತೋ ಇಲ್ಲವೋ, ನನಗೆ ಸುಳ್ಳು ಹೇಳಲು ಮಾತ್ರ ಬರದ ಹಾಗೆ ಮಾಡಿತು. "ನಾನೇ. ಬೆಳಿಗ್ಗೆ."

ಅತ್ತೆ ನದಿ ದಾರಿಯ ಚಿತ್ರದ ಕಡೆ ಹೋದರು. ಗೆದ್ದ ದಾರಿಯ ಮೇಲೆಲ್ಲ ನೀರುನಾಯಿ ಕಪ್ಪು ಹಿಡಿದು ನಿಂತಿರುವ ಚಿತ್ರ ಬರುತ್ತದೆ. ಇಲ್ಲಿ ಅವನ ಮಫ್ಲರಿಗೆ, ಮೀಸೆಗೆ, ಕಾರಿನ ಮೂತಿಗೆ ಬಿಳಿ ಪುಕ್ಕಗಳು ಅಂಟಿಕೊಂಡಿದ್ದವು.

"ಅಕ್ಕಿಗಳ್ ಮೇಲೆ ಅತ್ತಿಸ್ದ್ಯಾ?"

ಅವರು ಪೆಟ್ಟಿಗೆ ಮುಚ್ಚಿ ನನ್ನ ಮಡಿಲಲ್ಲಿ ಇಟ್ಟರು. "ತಕ್ಕೊ. ನಾನಿನ್ ಮುಟ್ಟಕಿಲ್ಲ."

ಒಂದು ದಿನ ಕಳೆದರೆ ಸರಿಹೋಗುತ್ತಾರೆ ಅಂದುಕೊಂಡೆ. ನಾಲ್ಕು ದಿನವಾಯಿತು. ತೊಗರಿ ಕಾಳಿನಷ್ಟು ಬಾಗುತ್ತಿದ್ದ ಬೆರಳು ಮತ್ತೆ ಬಿಗಿಯತೊಡಗಿತು. ಬೆಳಿಗ್ಗೆ ಬಿಸಿನೀರಿನಲ್ಲಿ ಅದ್ದಿ ನಾನು ನೀವುವಾಗ ಗೊತ್ತಾಗುತ್ತಿತ್ತು, ಹಿಂದಿನ ದಿನಕ್ಕಿಂತ ಹಟ ಹೆಚ್ಚು. ಯಜಮಾನರು, "ಆಟದ್ ಅಕ್ಕಿ ಕಣವ್ವ ಅದು, ಬರೀ ಬಣ್ಣ" ಎಂದು ತಿಳಿಸಲು ಹೋದರು. "ನೀನ್ ಸುಮ್ಕಿರು, ನೀನ್ ಉಟ್ದಾಗ ಇದ್ದೋವು ಅವು" ಎಂದು ಬೈಸಿಕೊಂಡು ಬಂದರು.

ಆ ಮಾತು ನನಗೆ ತಿಳಿಯಲಿಲ್ಲ. ಐದನೆಯ ದಿನ, ನೀವುತ್ತಾ ಕೂತಾಗ, ಮೆಲ್ಲಗೆ ಕೇಳಿದೆ. "ಇವರು ಹುಟ್ಟಿದಾಗ ಯಾವ ಹಕ್ಕಿ ಅತ್ತೆ?"

ಅತ್ತೆ ಹೇಳಿದರು. ಚೊಚ್ಚಲ ಹೆರಿಗೆಗೆ ಅವರು ಬೆಳ್ಳೂರಿಗೆ ಹೋದ ತಿಂಗಳಲ್ಲೇ ಕೊಕ್ಕರೆಗಳೂ ಬಂದಿದ್ದವಂತೆ. ಮನೆ ಮುಂದಿನ ಹುಣಸೆಮರದ ತುಂಬ ಗೂಡು. ಅಂಗಳವೆಲ್ಲ ಹಿಕ್ಕೆ, ಮೀನಿನ ವಾಸನೆ. ಹೆಂಚಿನ ಮೇಲೆ ಸುಣ್ಣ ಬಳಿದ ಹಾಗೆ. ಆ ಊರಿನಲ್ಲಿ ಯಾರೂ ಅವಕ್ಕೆ ಕಲ್ಲು ಬೀಸುವುದಿಲ್ಲ, ಕೂಗಿ ಓಡಿಸುವುದಿಲ್ಲ. ಹೆರಿಗೆಗೆ ತವರಿಗೆ ಬಂದ ಹೆಣ್ಣುಮಕ್ಕಳು ಎಂದೇ ಲೆಕ್ಕ. ಗೂಡಿನಿಂದ ಮರಿ ಬಿದ್ದರೆ ಎತ್ತಿ ಮಂಕರಿಯಲ್ಲಿ ಇಟ್ಟು ಸಾಕುತ್ತಾರೆ.

"ಬಾಣಂತಿ ಕ್ವಾಣೇಲಿ ಮನ್ಗಿದ್ರೆ ಕಿಟಕೀಲಿ ಒಂದ್ ಗೂಡ್ ಕಾಣದು. ನಂಗೂ ನೋವು, ಅದ್ಕೂ ನೋವು. ನಿನ್ ಗಂಡ ಉಟ್ಟಿ ಮೂರ್ನೇ ದಿನ್ಕೆ ಅದ್ರ ಮೊಟ್ಟೆ ಒಡೀತು. ಬಿಸ್ಲು ಬಿದ್ರೆ ರೆಕ್ಕೆ ಬುಟ್ಕಂಡು ಮರಿಗೆ ನೆಳ್ಳು ಮಾಡ್ಕಂಡ್ ನಿಂತಿರದು, ಒತ್ತಾರೆಯಿಂದ ಸಂದೆಗಂಟ. ನಮ್ಮವ್ವ ಅನ್ನೋಳು, ಅದ್ನ ನೋಡ್ ಕಲ್ತ್ಕಳೆ ಅಂತ. ಅದ್ರ್ ಮೇಲ್ ಓಗಿ ಗಾಡಿ ಅತ್ತಿಸ್ಬುಟ್ಯಲ್ಲವ್ವ."

ನನಗೆ ಅಳು ಬಂತು. ಅವರ ಹೆಬ್ಬೆರಳು ನನ್ನ ಅಂಗೈಯೊಳಗೇ ಇತ್ತು. "ತಪ್ಪಾಯ್ತು ಅತ್ತೆ. ಏನು ಮಾಡ್ಲಿ ಹೇಳಿ."

"ಆ ಪುಕ್ಕ ತೆಗಿ. ಅದ್ನ ನೋಡ್ಕಂಡು ನನ್ ಕೈಯಲ್ಲಿ ಆಡಕಾಗಕಿಲ್ಲ."

ಚಂದನಳಿಗೆ ಫೋನ್ ಮಾಡಿದೆ. ಗೆದ್ದದ್ದನ್ನು ಸೋಲಿಸಲು ಆಗುವುದಿಲ್ಲ, ಇನ್ನೊಂದು ಹೊಸ ಆಟಕ್ಕೆ ಅದರಲ್ಲಿ ಜಾಗವೂ ಇಲ್ಲ ಅಂದಳು. ಇರುವುದು ಒಂದೇ ದಾರಿ, ಎಲ್ಲವನ್ನೂ ಅಳಿಸಿ ಹೊಸದಾಗಿ ಶುರು ಮಾಡುವುದು. "ಎಲ್ಲವೂ ಅಂದ್ರೆ ನಿನ್ನ ಹೆಸರಿನ ಪಟ್ಟೀನೂ ಹೋಗುತ್ತಾ?" ಎಂದು ಕೇಳಿದೆ. "ಹೋಗುತ್ತಮ್ಮ. ಹೋಗ್ಲಿ ಬಿಡು, ಯಾವ ಕಾಲದ್ದೋ" ಅಂದಳು. ಅವಳಿಗೆ ಯಾವ ಕಾಲದ್ದೋ. ನನಗೆ ಅದು ಅವಳ ಹಾಲುಹಲ್ಲುಗಳು ಬೀಳುತ್ತಿದ್ದ ಕಾಲ, ಸೋಫಾದ ಮೇಲೆ ಕಾಲು ಮಡಚಿಕೊಂಡು, ನಾಲಿಗೆ ಹೊರಗೆ ಹಾಕಿ, ಒಂದೊಂದೇ ಅಕ್ಷರ ಆರಿಸಿ ನನ್ನ ಹೆಸರನ್ನು ಕೊನೆಯ ಸಾಲಿಗೆ ಸೇರಿಸಿದ ಕಾಲ. ಪಟ್ಟಿಯನ್ನು ಒಂದು ಸಲ ಮೇಲಿಂದ ಕೆಳಗೆ ಓದಿದೆ. ಆಮೇಲೆ ಅತ್ತೆಯ ಎದುರಿಗೇ ಅಳಿಸಿದೆ. ಪೆಟ್ಟಿಗೆ ಎರಡು ಸಲ ಕೇಳಿತು, ಖಂಡಿತವಾ ಎಂದು. ಎರಡು ಸಲವೂ ಹೌದು ಅಂದೆ.

ಸಮುದ್ರ ದಂಡೆ ಮತ್ತೆ ಬಂತು. "ತಾ ಇಲ್ಲಿ" ಎಂದು ಅತ್ತೆ ಕೈ ಚಾಚಿದರು.

ಮೂರು ವಾರ, ದಿನಕ್ಕೆ ಎರಡು ಹೊತ್ತು. ಬೆಳಿಗ್ಗೆ ಸಮುದ್ರ, ಪಟ್ಟಣ, ಮಧ್ಯಾಹ್ನ ನದಿ. ನದಿ ದಾರಿಯನ್ನು ಅತ್ತೆ ಒಮ್ಮೆಯೂ ಗೆಲ್ಲಲಿಲ್ಲ, ಹಿಮದ ಬೆಟ್ಟ ಮತ್ತೆ ತೆರೆಯಲೇ ಇಲ್ಲ. ಒತ್ತುವುದು, ಎತ್ತುವುದು, ಪಕ್ಕಕ್ಕೆ ಇಡುವುದು, ಕಾಯುವುದು, ಮತ್ತೆ ಒತ್ತುವುದು. ನಿಲ್ಲಿಸುವ ಗುಂಡಿಯೇ ಕೈಗೆ ಹೆಚ್ಚು ಕಷ್ಟ, ಅಲ್ಲಿಗೆ ಹೆಬ್ಬೆರಳು ಪೂರಾ ಮಡಚಿ ಒಳಗೆ ಬರಬೇಕು. ಡಾಕ್ಟರು ಕೈ ನೋಡಿ, "ಚೆಂಡು ಚೆನ್ನಾಗಿ ಹಿಚುಕಿದ್ದೀರಿ ಅಜ್ಜಿ" ಅಂದರು. ಅತ್ತೆ ಗಂಭೀರವಾಗಿ, "ಊಂ ಕಣಪ್ಪ" ಅಂದರು. ನಾನು ಗೋಡೆಯ ಕ್ಯಾಲೆಂಡರ್ ನೋಡಿದೆ.

ಆದರೂ ಊಟದ ಹೊತ್ತಿಗೆ ಅವರ ಕೋಣೆಯ ಬಾಗಿಲು ತೆರೆಯಲಿಲ್ಲ. ಬೀಗರೂಟದ ಹಿಂದಿನ ದಿನ ನಾನೇ ಕೇಳಿದೆ, ಇವತ್ತು ಮನೆಯಲ್ಲಿ ಒಂದು ಸಲ ಮುದ್ದೆ ಮುರಿದು ನೋಡೋಣವೇ ಎಂದು. "ಆಗ್ಲಿಲ್ಲ ಅಂದ್ರೆ?" ಎಂದು ಕೇಳಿದರು. ಅವರು ಬಿದ್ದ ದಿನವೂ ಅವರ ಕಣ್ಣಿನಲ್ಲಿ ಅಷ್ಟು ಹೆದರಿಕೆಯನ್ನು ನಾನು ನೋಡಿರಲಿಲ್ಲ. ಆ ರಾತ್ರಿಯೂ ಮೊಸರನ್ನವನ್ನೇ ಕಲಸಿ ಕೋಣೆಗೆ ಕೊಟ್ಟೆ. ಬೆಳಿಗ್ಗೆ ಎದ್ದಾಗ ಅವರು ಆಗಲೇ ಹಸಿರು ರೇಷ್ಮೆ ಸೀರೆ ಉಟ್ಟು, ಚಪ್ಪಲಿ ಹಾಕಿಕೊಂಡು ಬಾಗಿಲಲ್ಲಿ ಕೂತಿದ್ದರು. ನನ್ನ ವ್ಯಾನಿಟಿ ಬ್ಯಾಗಿಗೆ, ಅವರಿಗೆ ಕಾಣದ ಹಾಗೆ, ಒಂದು ಚಮಚ ಹಾಕಿಕೊಂಡೆ.

ಬೆಳ್ಳೂರಿನಲ್ಲಿ ಶಾಮಿಯಾನ ಹಾಕಿರುವುದು ಬಿಸಿಲಿಗೆ ಎಂದು ನೀವು ಅಂದುಕೊಂಡರೆ ಅದು ಅರ್ಧ ಸರಿ. ಮೇಲೆ ಹುಣಸೆಮರದ ತುಂಬ ಕೊಕ್ಕರೆಗಳು, ಕೊಕ್ಕಿಗೆ ಕೊಕ್ಕು ತಾಗಿಸಿ ಕಟಕಟ ಎನ್ನುತ್ತಿದ್ದವು. ಬೀಗರ ಕಡೆಯ ಒಬ್ಬರ ಹೊಸ ಬಿಳಿ ಶರ್ಟಿಗೆ ಆಗಲೇ ಆಶೀರ್ವಾದವಾಗಿತ್ತು. ಅವರು ಒರೆಸಿಕೊಳ್ಳುತ್ತಾ ನಗುತ್ತಿದ್ದರು, ಬೇರೆ ದಾರಿ ಇರಲಿಲ್ಲ.

ಮೊದಲ ಪಂಕ್ತಿ. ಉದ್ದನೆಯ ಮೇಜು, ಬಾಳೆಲೆ. ಕೆಂಪಣ್ಣ ಮಾವ ಅಕ್ಕನ ಬಲಕ್ಕೆ, ನಾನು ಎಡಕ್ಕೆ. ಮುದ್ದೆ ಬಂತು, ಹೊಗೆಯಾಡುತ್ತಾ. ಸಾರು ಬಿತ್ತು. ಎಲ್ಲರ ಕೈಗಳೂ ಎಲೆಗೆ ಇಳಿದವು. ಅತ್ತೆಯ ಕೈ ಮಡಿಲಲ್ಲೇ ಇತ್ತು. ನಾನು ಬ್ಯಾಗಿನೊಳಗೆ ಕೈ ಹಾಕಿ ಚಮಚ ಹಿಡಿದುಕೊಂಡೆ, ಹೊರಗೆ ತೆಗೆಯಲಿಲ್ಲ.

ಆಮೇಲೆ ಆ ಕೈ ಮೇಲೆ ಬಂತು. ಮುದ್ದೆಯ ಅಂಚಿಗೆ ನಾಲ್ಕು ಬೆರಳು ಇಟ್ಟರು. ಹೆಬ್ಬೆರಳು ನಿಧಾನವಾಗಿ, ಸೇತುವೆ ದಾಟುವವರ ಹಾಗೆ, ಬಾಗಿ ಬಂದು ಒತ್ತಿತು. ಒಂದು ತುಣುಕು ಕಿತ್ತಿತು. ಸಾರಿಗೆ ಅದ್ದುವಾಗ ಜಾರಿ ಬಿತ್ತು. ಮತ್ತೆ ಎತ್ತಿಕೊಂಡರು. ಬಾಯಿಗೆ ಹೋಯಿತು. ನುಂಗಿದರು. ನಾನು ಚಮಚವನ್ನು ಬಿಟ್ಟು ಕೈ ಹೊರಗೆ ತೆಗೆದೆ.

ಬೆಳ್ಳಗಿನ ಬಿಸಿಲು ಬಟ್ಟೆಯ ಮೂಲಕ ಹಳದಿಯಾಗಿ ಎಲೆಗಳ ಮೇಲೆ ಬೀಳುತ್ತಿತ್ತು. ಅನ್ನ ಬಂತು, ಮಜ್ಜಿಗೆ ಬಂತು, ಬಾಳೆಹಣ್ಣು ಬಂತು. ಪಂಕ್ತಿಯವರೆಲ್ಲ ಮುಗಿಸಿದರು. ಅತ್ತೆಯ ಎಲೆಯಲ್ಲಿ ಇನ್ನೂ ಅರ್ಧ ಮುದ್ದೆ. ಪ್ರತಿ ತುತ್ತಿಗೂ ಒಂದು ನಿಮಿಷ. ಹಿಂದೆ ಎರಡನೆಯ ಪಂಕ್ತಿಯವರು ನಮ್ಮ ಕುರ್ಚಿಗಳ ಬೆನ್ನು ಹಿಡಿದುಕೊಂಡು ನಿಂತಿದ್ದರು. ಅನ್ನದ ಬಕೆಟ್ ಹಿಡಿದ ಒಬ್ಬ ಬಂದು ಕೂಗಿದ.

"ಏಳ್ರಪ್ಪ, ಏಳಿ! ಇನ್ನೂ ನಾಕ್ ಪಂಕ್ತಿ ಅವೆ. ಉಂಡೋರು ಏಳಿ!"

ಆ ತುದಿಯಲ್ಲಿ ಇಬ್ಬರು ಕುರ್ಚಿ ಸರಿಸಿದರು. ಅತ್ತೆಯ ಕೈ ನಿಂತಿತು.

"ಕುಂತ್ಕಳ್ರೋ!" ಅಂದರು ಕೆಂಪಣ್ಣ ಮಾವ. ಅವರ ಉಂಡ ಕೈ ಆಗಲೇ ಪೂರಾ ಒಣಗಿತ್ತು. "ಪಂಕ್ತೀಲಿ ಒಬ್ರು ಉಣ್ತಿದ್ರೆ ಎದ್ದೋಯ್ತಾರೇನ್ಲಾ? ನಮ್ಮಕ್ಕ ಉಣ್ತಾವ್ಳೆ, ಕಾಣಕಿಲ್ವಾ?"

ಸರಿಸಿದ ಕುರ್ಚಿಗಳು ಮತ್ತೆ ಮುಂದೆ ಬಂದವು. ಬೀಗರ ಕಡೆಯ ಬಿಳಿ ಶರ್ಟಿನವರು ತಿಂದು ಮುಗಿಸಿದ ಬಾಳೆಹಣ್ಣಿನ ಸಿಪ್ಪೆಯನ್ನು ಬಿಡಿಸಿ ಮಡಚಿ ಬಿಡಿಸಿ ಮಡಚಿ ಕೂತರು. ಹಿಂದೆ ನಿಂತವರು ಮಾತು ನಿಲ್ಲಿಸಿದರು. ಮೇಲೆ ಕೊಕ್ಕುಗಳ ಕಟಕಟ ಮಾತ್ರ. ಅತ್ತೆ ಯಾರ ಕಡೆಗೂ ನೋಡಲಿಲ್ಲ. ತಲೆ ತಗ್ಗಿಸಿಕೊಂಡು ಮುಂದಿನ ತುಣುಕಿಗೆ ಹೆಬ್ಬೆರಳು ಬಾಗಿಸಿದರು.

ನಾನು ಬಕೆಟ್ಟಿನವನನ್ನು ಕರೆದು, ನನ್ನ ಖಾಲಿ ಎಲೆಗೆ ಇನ್ನೊಂದಿಷ್ಟು ಅನ್ನ ಹಾಕಿಸಿಕೊಂಡೆ.